ತಕ್ಕಡಿರಾಯರ ಸೇಬಿನ ಸಾಸು

ಒಂದು ಗ್ರಾಂ ಎಂದರೆ ಎಷ್ಟು ಎಂಬುದರ ಬಗ್ಗೆ ತಕ್ಕಡಿರಾಯರಷ್ಟು ಗಟ್ಟಿಯಾಗಿ ಮಾತನಾಡಬಲ್ಲವರು ಆ ಬೀದಿಯಲ್ಲಿ ಇನ್ನೊಬ್ಬರಿರಲಿಲ್ಲ. ಅದನ್ನು ಅವರ ಬಳಿ ಕೇಳಿದವರೂ ಇರಲಿಲ್ಲ, ಆ ಮಾತು ಬೇರೆ. ಅವರಿಗೆ ತೂಕ ಮತ್ತು ಅಳತೆ ಇಲಾಖೆಯಲ್ಲಿ ಕೆಲಸ. ಅಂಗಡಿ ಅಂಗಡಿ ಸುತ್ತಿ ತಕ್ಕಡಿ ಸರಿಯಿದೆಯೇ ಎಂದು ಪರೀಕ್ಷೆ ಮಾಡುವವರು ಸಾಹೇಬರು. ಆ ಸಾಹೇಬರ ಹಿಂದೆ ಹಿತ್ತಾಳೆಯ ಮಾದರಿ ತೂಕಗಳ ಪೆಟ್ಟಿಗೆ ಹಿಡಿದು ನಡೆಯುವವರು ನಮ್ಮ ರಾಯರು. ಮುಂಜಾನೆ ಬೇಗ ಹೊರಡಬೇಕಾದ ದಿನ ಪೆಟ್ಟಿಗೆಯನ್ನು ಹಿಂದಿನ ಸಂಜೆಯೇ ಮನೆಗೆ ತರುತ್ತಿದ್ದರು. ಬೀದಿಯ ಕಣ್ಣಿಗೆ ಬಿದ್ದದ್ದು ಆ ಪೆಟ್ಟಿಗೆ. ಪೆಟ್ಟಿಗೆ ಯಾರ ಕೈಯಲ್ಲಿದೆಯೋ ಅವರೇ ಸಾಹೇಬರು ಎಂದು ಬೀದಿ ತೀರ್ಮಾನ ಮಾಡಿಬಿಟ್ಟಿತು. ರಾಯರು ಅದನ್ನು ತಿದ್ದಲು ಹೋಗಲಿಲ್ಲ. ಜನರ ಮನಸ್ಸು ನೋಯಿಸುವುದು ಅವರ ಜಾಯಮಾನವೇ ಅಲ್ಲ.

ರಾಯರ ಸಾಹೇಬಿಕೆಗೆ ಸೊಪ್ಪು ಹಾಕದ ವ್ಯಕ್ತಿ ಪ್ರಪಂಚದಲ್ಲಿ ಒಬ್ಬರೇ, ಅವರ ಅತ್ತೆ. ಮದುವೆಯಾದ ದಿನದಿಂದ ಅತ್ತೆಯ ಬಾಯಲ್ಲಿ ಬರುತ್ತಿದ್ದುದು ಒಂದೇ ಮಾತು: "ನಮ್ಮ ದೊಡ್ಡಳಿಯಂದಿರಾಗಿದ್ರೆ..." ದೊಡ್ಡಳಿಯಂದಿರಾಗಿದ್ದರೆ ಬಲ್ಬು ಹಾಕುವಾಗ ಏಣಿಯಿಂದ ಬೀಳುತ್ತಿರಲಿಲ್ಲ. ದೊಡ್ಡಳಿಯಂದಿರಾಗಿದ್ದರೆ ರೈಲು ಹೊರಟಮೇಲೆ ಸ್ಟೇಷನ್ನಿಗೆ ಬರುತ್ತಿರಲಿಲ್ಲ. ಇಂಥ ಅತ್ತೆ ಈಗ ರಾಯರ ಮನೆಗೇ ಬಂದು ಕೂತಿದ್ದರು. ಉಳಿದಿದ್ದ ಹಲ್ಲುಗಳನ್ನೆಲ್ಲ ಕೀಳಿಸಿ ಹೊಸ ಸೆಟ್ಟು ಹಾಕಿಸಿಕೊಳ್ಳುವುದಕ್ಕೆ. ಹಲ್ಲೇನೋ ಸಲೀಸಾಗಿ ಬಂದವು. ಆದರೆ ವಸಡು ಮಾಯುವವರೆಗೆ ಹೊಸ ಸೆಟ್ಟಿಲ್ಲ, ಮೆತ್ತಗಿರುವುದನ್ನೇ ತಿನ್ನಬೇಕು ಎಂದು ಹಲ್ಲಿನ ಡಾಕ್ಟರು ಹೇಳಿದ್ದೇ ತಡ, ಅತ್ತೆ ಬಾಯಿಗೆ ಬೀಗ ಹಾಕಿಕೊಂಡರು. ಗಂಜಿ ಕೊಟ್ಟರೆ ಮುಖ ತಿರುಗಿಸಿದರು. ಹಾಲಿನಲ್ಲಿ ಬ್ರೆಡ್ಡು ನೆನೆಸಿ ಕೊಟ್ಟರೆ ಗೋಡೆ ನೋಡಿದರು. ದಿನೇ ದಿನೇ ಇಳಿದುಹೋದರು.

ಶುಕ್ರವಾರ ಮನೆಯ ಡಾಕ್ಟರು ಬಂದು ನಾಡಿ ನೋಡಿ ಖಡಾಖಂಡಿತವಾಗಿ ಹೇಳಿದರು: "ಸೋಮವಾರ ಬೆಳಿಗ್ಗೆ ಬರ್ತೀನಿ. ಅಷ್ಟರಲ್ಲಿ ಹೊಟ್ಟೆಗೆ ಏನಾದ್ರೂ ಬಿದ್ದಿರಬೇಕು. ಇಲ್ಲಾಂದ್ರೆ ಆಸ್ಪತ್ರೆಗೆ ಸೇರಿಸಿ ಡ್ರಿಪ್ ಹಾಕೋದೇ. ಸೇಬು ಬೇಯಿಸಿ ಕಿವುಚಿ ಕೊಟ್ಟು ನೋಡಿ."

"ಆಸ್ಪತ್ರೆಗೆ ನನ್ನ ಹೆಣ ಹೋಗತ್ತೆ," ಎಂದರು ಅತ್ತೆ. ಹಲ್ಲಿಲ್ಲದ ಬಾಯಲ್ಲೂ ಆ ವಾಕ್ಯ ಸ್ಪಷ್ಟವಾಗಿ ಬಂತು.

ಶನಿವಾರ ಹೊಲಿಗೆ ಅಂಗಡಿಯ ಬಾಗಿಲು ತೆಗೆಯಲು ಹೊರಟ ರಾಯರ ಹೆಂಡತಿ ಚಪ್ಪಲಿ ಮೆಟ್ಟುತ್ತಾ ಕಣ್ಣೊರೆಸಿಕೊಂಡಳು. "ರೀ, ಅಮ್ಮನಿಗೆ ಏನಾದ್ರೂ ತಿನ್ನಿಸ್ರೀ. ಏನಾದ್ರೂ. ನಿಮ್ಮ ಕೈಲಿ ಆಗಲ್ಲ ಅಂತ ಗೊತ್ತು, ಆದ್ರೂ ಹೇಳ್ತಿದೀನಿ."

ಈ ಕೊನೆಯ ವಾಕ್ಯ ರಾಯರ ಸ್ವಾಭಿಮಾನಕ್ಕೆ ಚುಚ್ಚಿತು. ಅಡುಗೆಮನೆಯಲ್ಲಿ ಉಪ್ಪಿನ ಡಬ್ಬಿ ಯಾವ ಕಡೆಗಿದೆ ಎಂಬುದು ಅವರಿಗೆ ಇಂದಿಗೂ ತಿಳಿಯದು. ಆದರೂ ಚೀಲ ಹಿಡಿದು ದಡದಡ ಮೆಟ್ಟಿಲಿಳಿದರು.

ಬೀದಿಯ ತಿರುವಿನಲ್ಲಿ ಹಣ್ಣಿನಂಗಡಿ. ರಾಯರು "ಒಂದು ಕೆಜಿ ಸೇಬು" ಎಂದದ್ದೇ ಹಣ್ಣಿನವನ ಮುಖದಲ್ಲಿ ರಕ್ತವಿಲ್ಲದಂತಾಯಿತು. ಸೇಬು ತೂಗಿದ. ತೂಗಿದಮೇಲೆ ಎರಡು ಮರಸೇಬು ಹಾಕಿದ. ರಾಯರು ತಕ್ಕಡಿಯ ಕಡೆ ಸುಮ್ಮನೆ ನೋಡಿದರು. ನೋಡುವುದು ಅವರಿಗೆ ಅಭ್ಯಾಸ. ಹಣ್ಣಿನವ ಒಂದು ಹಿಡಿ ಪ್ಲಮ್ ಹಾಕಿದ. ರಾಯರು ಕೆಮ್ಮಿದರು. ಕಪ್ಪು ದ್ರಾಕ್ಷಿಯ ಗೊಂಚಲೊಂದು ಚೀಲಕ್ಕೆ ಬಂದು ಬಿತ್ತು. "ಮನೆಯೋರಿಗೆ, ಸಾಹೇಬ್ರೇ, ಪ್ರೀತಿಯಿಂದ," ಎಂದ. ಬೀದಿಯ ಜನ ಎಷ್ಟು ಒಳ್ಳೆಯವರು ಎಂದುಕೊಂಡು ರಾಯರು ಮನೆಗೆ ಬಂದರು.

ಬಂದವರು ಎಲ್ಲವನ್ನೂ ಹೆಚ್ಚಿದರು. ಯಾವುದನ್ನು ಬಿಡಬೇಕೆಂದು ಗೊತ್ತಾಗದೆ ಯಾವುದನ್ನೂ ಬಿಡಲಿಲ್ಲ. ಒಂದು ಲೋಟ ನೀರು, ಕೈಗೆ ಸಿಕ್ಕಷ್ಟು ಸಕ್ಕರೆ, ಒಂದು ತುಂಡು ಚಕ್ಕೆ ಹಾಕಿ ಪಾತ್ರೆಯನ್ನು ಒಲೆಗೇರಿಸಿ ಮುಚ್ಚಳ ಮುಚ್ಚಿದರು. ಹಣ್ಣು ಕುದಿಯತೊಡಗಿತು. ಘಮ್ಮೆಂದಿತು. ಆ ವಾಸನೆಗೆ ರಾಯರ ಎದೆಯೂ ಉಬ್ಬತೊಡಗಿತು. ಉಬ್ಬಿದ ಎದೆಯನ್ನು ಯಾರಿಗಾದರೂ ತೋರಿಸದೆ ಇರುವುದು ಹೇಗೆ? ಬಾಲ್ಕನಿಗೆ ಬಂದರು.

ಎದುರು ಬಾಲ್ಕನಿಯಲ್ಲಿ ಟೀಚರಮ್ಮ ಬಟ್ಟೆ ಹರವುತ್ತಿದ್ದರು. ನಿವೃತ್ತರಾದಮೇಲೂ ಇಡೀ ಬೀದಿಯನ್ನು ತಮ್ಮ ತರಗತಿಯೆಂದೇ ತಿಳಿದಿದ್ದವರು.

"ಏನ್ ರಾಯರೇ, ಏನೋ ಪರಿಮಳ?"

"ಸಾಸು, ಟೀಚರಮ್ಮ. ಸೇಬಿನ ಸಾಸು. ಮನೇಲೇ ಮಾಡಿದ್ದು. ಬರೀ ಸೇಬಾದ್ರೆ ಸಪ್ಪೆ ಅಂತ ಬೇರೆ ಹಣ್ಣುಗಳನ್ನ ಲೆಕ್ಕ ಹಾಕಿ ಬೆರೆಸಿದೀನಿ."

"ಅಯ್ಯೋ! ನಿಮಗೆ ಅಡುಗೆ ಬೇರೆ ಬರತ್ತಾ?"

ಈ ಪ್ರಶ್ನೆಗೆ "ಇಲ್ಲ" ಎಂಬ ಎರಡಕ್ಷರದ ಉತ್ತರ ಸಾಕಿತ್ತು. ರಾಯರು ಕೊಟ್ಟ ಉತ್ತರ ಸೇಬಿನ ಜಾತಿಗಳಿಂದ ಶುರುವಾಗಿ, ಪ್ಲಮ್ಮಿನ ಹುಳಿಯನ್ನು ಹಾದು, ದ್ರಾಕ್ಷಿಯ ಬಣ್ಣಕ್ಕೆ ಬಂದು, ದೊಡ್ಡ ದೊಡ್ಡ ಹೋಟೆಲಿನವರು ಮಾಡುವ ತಪ್ಪುಗಳನ್ನು ವಿವರಿಸುವ ಹಂತಕ್ಕೆ ಬಂದಿತ್ತು. ಆಗ ಟೀಚರಮ್ಮ ಮೂಗು ಅರಳಿಸಿದರು.

"ರಾಯರೇ, ಈಗ ವಾಸನೆ ಒಂಥರಾ ಬೇರೆ ಬರ್ತಿದೆಯಲ್ಲ?"

"ಅದು ಚಕ್ಕೆ, ಟೀಚರಮ್ಮ. ಚಕ್ಕೆ ಬಿಟ್ಕೊಳ್ಳೋ ಹೊತ್ತು," ಎಂದು ಹೇಳಿ ಎರಡು ಹೆಜ್ಜೆ ಗಂಭೀರವಾಗಿ ನಡೆದು, ಪರದೆಯ ಮರೆಗೆ ಬಂದಕೂಡಲೇ ಎದ್ದೆನೋ ಬಿದ್ದೆನೋ ಎಂದು ಓಡಿದರು. ಪಾತ್ರೆಯ ತಳ ಹತ್ತಿ ಹೊಗೆ ಬರುತ್ತಿತ್ತು. ರಾಯರು ಮೇಲಿನದನ್ನೆಲ್ಲ ಬಳಿದು ಬಟ್ಟಲಿಗೆ ಹಾಕಿಕೊಂಡು ಚೆನ್ನಾಗಿ ಕಿವುಚಿದರು. ಸೀದ ಪಾತ್ರೆಗೆ ನೀರು ತುಂಬಿಸಿ ವಾಷಿಂಗ್ ಮಷೀನಿನ ಹಿಂದೆ ಬಚ್ಚಿಟ್ಟರು. ಕಿಟಕಿಗಳನ್ನೆಲ್ಲ ತೆರೆದು ಟವೆಲ್ಲು ಬೀಸಿದರು. ಆಮೇಲೆ ಬಟ್ಟಲು ಹಿಡಿದು, ಪರೀಕ್ಷೆಯ ಫಲಿತಾಂಶ ನೋಡಲು ಹೋಗುವವರ ಹಾಗೆ, ಅತ್ತೆಯ ಕೋಣೆಗೆ ಕಾಲಿಟ್ಟರು.

ಅತ್ತೆ ಒಂದು ಚಮಚ ಬಾಯಿಗಿಟ್ಟುಕೊಂಡರು. ಕಣ್ಣು ಮುಚ್ಚಿದರು. ರಾಯರ ಜೀವ ಬಾಯಿಗೆ ಬಂತು. ಅತ್ತೆ ಕಣ್ಣು ತೆರೆದರು.

"ಇನ್ನೊಂದು ಚೂರು ಹಾಕಿ."

ಇನ್ನೊಂದು ಚೂರು, ಮತ್ತೊಂದು ಚೂರು. ಬಟ್ಟಲು ಖಾಲಿ! ಅತ್ತೆ ಬೆರಳಿನಿಂದ ಬಟ್ಟಲು ಸವರಿ, ಆ ಬೆರಳನ್ನೂ ನೆಕ್ಕಿ, ಮದುವೆಯಾದಂದಿನಿಂದ ರಾಯರ ಕಿವಿ ಕಾಯುತ್ತಿದ್ದ ಮಾತನ್ನು ಆಡಿದರು: "ದೊಡ್ಡಳಿಯಂದಿರಿಗೆ ಇದು ಬರಲ್ಲ ಬಿಡಿ."

ರಾಯರು ಆ ಕೋಣೆಯಿಂದ ನಡೆದುಕೊಂಡು ಬಂದರೋ ತೇಲಿಕೊಂಡು ಬಂದರೋ ಹೇಳುವುದು ಕಷ್ಟ.

ಸಂಜೆ ಹೆಂಡತಿ ಬಂದಳು. ಖಾಲಿ ಬಟ್ಟಲು ನೋಡಿದಳು, ಅಮ್ಮನ ಮುಖ ನೋಡಿದಳು, ಕುಣಿದಾಡಿಬಿಟ್ಟಳು. "ಹೇಗೆ ಮಾಡಿದ್ರಿ? ಹೇಳ್ರೀ, ಹೇಗೆ ಮಾಡಿದ್ರಿ?" ಅಷ್ಟರಲ್ಲಿ ಟೀಚರಮ್ಮನೂ ಬಂದರು.

"ಎಲ್ಲ ಇರೋದು ಸೌಟಲ್ಲಿ," ಎಂದರು ರಾಯರು, ಕುರ್ಚಿಗೆ ಒರಗಿ. "ಒಂದು ಕ್ಷಣನೂ ಸೌಟು ಬಿಡಲಿಲ್ಲ ನೋಡು. ಬಲಕ್ಕೇ ತಿರುಗಿಸಬೇಕು, ಎಡಕ್ಕೆ ಕೂಡದು. ಜನ ಏನ್ ಮಾಡ್ತಾರೆ, ಒಲೆ ಮೇಲಿಟ್ಟು ಹರಟೆಗೆ ಹೋಗ್ತಾರೆ. ತಳ ಹತ್ತಿತು ಅಂದ್ರೆ ಮುಗೀತು ಕತೆ. ಅಂಥ ಸಾಸು ನಾಯಿನೂ ಮೂಸಲ್ಲ."

ಟೀಚರಮ್ಮ ಒಮ್ಮೆ ಬಾಲ್ಕನಿಯ ಕಡೆ ನೋಡಿದರು, ಒಮ್ಮೆ ರಾಯರ ಕಡೆ. ಸಾಹೇಬರು ಹೇಳಿದಮೇಲೆ ಸರಿಯೇ ಇರಬೇಕು ಎಂದು ಸುಮ್ಮನಾದರು.

ಭಾನುವಾರ ಬೆಳಿಗ್ಗೆ ಸಾಸು ಎರಡನೆಯ ಬಾರಿ ಸಿದ್ಧವಾಯಿತು. ಅವೇ ಹಣ್ಣುಗಳು, ಅದೇ ಚಕ್ಕೆ. ಈ ಸಲ ಹೆಂಡತಿ ಪಕ್ಕದಲ್ಲಿ ನಿಂತಿದ್ದಳು. ಟೀಚರಮ್ಮ ಸ್ಟೂಲು ತಂದು ಕೂತಿದ್ದರು. ರಾಯರಿಗೆ ಕೆರೆತ ಬಂದರೂ ಕೈ ಬಿಡುವಂತಿರಲಿಲ್ಲ. "ರಾಯರೇ! ಎಡಕ್ಕೆ ತಿರುಗಿಸಿದ್ರಿ!" ಎಂದು ಟೀಚರಮ್ಮ ಒಮ್ಮೆ ಕಿರುಚಿದ ರಭಸಕ್ಕೆ ಸೌಟು ಹಾರಿ ಸಿಂಕಿಗೆ ಬಿತ್ತು. ಕೊನೆಗೆ ಸಾಸು ರೇಷ್ಮೆಯಂತೆ ಬಂತು. ಬಣ್ಣ ನೋಡಿ ಟೀಚರಮ್ಮ ಚಪ್ಪಾಳೆ ತಟ್ಟಿದರು.

ಅತ್ತೆ ಒಂದು ಚಮಚ ಬಾಯಿಗಿಟ್ಟರು. ಬಟ್ಟಲನ್ನು ಮೆಲ್ಲಗೆ ದೂರ ಸರಿಸಿದರು.

"ಇದು ಅದಲ್ಲ."

ಮೂರನೆಯ ಸಲ ಸಕ್ಕರೆ ಹೆಚ್ಚಾಯಿತು. "ಇದೂ ಅದಲ್ಲ." ನಾಲ್ಕನೆಯ ಸಲ ಹೆಂಡತಿಯೇ ಮಾಡಿದಳು. "ನೀನು ಸುಮ್ನಿರೇ, ನಿನಗೆ ಬರಲ್ಲ. ಅಳಿಯಂದಿರು ನಿನ್ನೆ ಮಾಡಿದ್ದು ಬೇಕು," ಎಂದು ಅತ್ತೆ ಗೋಡೆಯ ಕಡೆ ತಿರುಗಿ ಮಲಗಿಬಿಟ್ಟರು. ಹೆಂಡತಿಯ ಕಣ್ಣಲ್ಲಿ ಮತ್ತೆ ನೀರು. ನಾಳೆ ಬೆಳಿಗ್ಗೆ ಡಾಕ್ಟರು, ಡಾಕ್ಟರ ಹಿಂದೆ ಆಸ್ಪತ್ರೆ. ರಾಯರಿಗೆ ಸಂಕಟವಾಯಿತು. ನಿಜವಾದ ಸಂಕಟ. ಯಾಕೆಂದರೆ ಆ ಮುದುಕಿ ನಿನ್ನೆ ಬೆರಳು ನೆಕ್ಕಿದ್ದನ್ನು ನೋಡಿ ಅವರಿಗೆ ಆದ ಸಂತೋಷ ಕೊಚ್ಚಿಕೊಳ್ಳುವುದಕ್ಕಾಗಿ ಆದದ್ದಾಗಿರಲಿಲ್ಲ.

ನಾಳೆಗೆ ರಜೆ ಹೇಳಲು ರಾಯರು ತಮ್ಮ ಸಾಹೇಬರಿಗೆ ಫೋನು ಮಾಡಿದರು. ಸಾಹೇಬರು ಕಾರಣ ಕೇಳಿದರು, ರಾಯರು ಹೇಳಿದರು.

"ಯಾವ ಯಾವ ಹಣ್ಣು ಎಷ್ಟೆಷ್ಟು ಗ್ರಾಂ ಹಾಕಿದ್ರಿ?" ಎಂದರು ಸಾಹೇಬರು.

"ಅಂದಾಜು, ಸಾರ್."

ಸಾಹೇಬರು ಫೋನಿನಲ್ಲೇ ಗುಡುಗಿದರು.

"ತೂಕದ ಇಲಾಖೆ ಅನ್ನ ತಿಂದು ಅಂದಾಜು ಅಂತೀರಲ್ರೀ! ನಾಚಿಕೆ ಆಗಲ್ವಾ? ಒಲೆ ಆರಿಸಬೇಡಿ. ಪೆಟ್ಟಿಗೆ ತಗೊಂಡು ಈಗಲೇ ಬಂದೆ!"

ಸಾಹೇಬರ ಜೀವನದಲ್ಲಿ ತೂಕ ಬಿಟ್ಟು ಬೇರೆ ಸುಖವಿರಲಿಲ್ಲ. ಭಾನುವಾರವೆಂದರೆ ಅವರಿಗೆ ಶಿಕ್ಷೆ. ತೂಕದ ಪೆಟ್ಟಿಗೆಯನ್ನು ತಾವೇ ಹೊತ್ತು, ಬೆವರು ಸುರಿಸುತ್ತಾ, ಮದುವೆಮನೆಗೆ ಬರುವವರ ಉತ್ಸಾಹದಲ್ಲಿ ಬೀದಿಯ ತಿರುವು ದಾಟಿದರು. ಹಣ್ಣಿನವ ನೋಡಿದ. ಪೆಟ್ಟಿಗೆ ಹೊಸ ಕೈಯಲ್ಲಿತ್ತು! ಭಾನುವಾರ! ನಮ್ಮ ಸಾಹೇಬರಿಗಿಂತಲೂ ದೊಡ್ಡ ಸಾಹೇಬರೊಬ್ಬರು ಹುಡುಕಿಕೊಂಡು ಬಂದಿದ್ದಾರೆ! ನಿನ್ನೆಯಿಂದ ಈ ಮನೆಯವರು ಅದದೇ ಹಣ್ಣನ್ನು ಮತ್ತೆ ಮತ್ತೆ ಕೊಂಡುಹೋದದ್ದು ಏಕೆಂದು ಅವನಿಗೆ ಈಗ ಥಟ್ಟನೆ ಹೊಳೆಯಿತು. ಇದು ಸಾಕ್ಷ್ಯ ಸಂಗ್ರಹ. ಅರ್ಧ ಗಂಟೆ ಒದ್ದಾಡಿ, ಅಂಗಡಿಗೆ ಅರ್ಧ ಬಾಗಿಲು ಎಳೆದು, ಒಂದು ಬುಟ್ಟಿ ತುಂಬ ಹಣ್ಣು ಹೊತ್ತು, ರಾಯರ ಮನೆಗೆ ಓಡಿದ.

ಇತ್ತ ಅಡುಗೆಮನೆಯಲ್ಲಿ ಐದನೆಯ ಪಾತ್ರೆ ಒಲೆಯ ಮೇಲಿತ್ತು. ಸಾಹೇಬರು ಪ್ರತಿ ಹೋಳನ್ನೂ ತೂಗಿ ಹಾಕಿಸಿದ್ದರು. ಚಕ್ಕೆಯನ್ನೂ ಬಿಟ್ಟಿರಲಿಲ್ಲ. ರಾಯರು ಸೌಟು ಹಿಡಿದು ಬಲಕ್ಕೆ ತಿರುಗಿಸುತ್ತಿದ್ದರು. ಆಗ ಹಣ್ಣಿನವ ನಡುಮನೆಗೆ ನುಗ್ಗಿ, ಬುಟ್ಟಿ ಇಳಿಸಿ, ಅಲ್ಲಿ ತೂಕಗಳನ್ನು ಪೆಟ್ಟಿಗೆಗೆ ಜೋಡಿಸುತ್ತಿದ್ದ ಸಾಹೇಬರ ಕಾಲಿಗೆ ಬಿದ್ದುಬಿಟ್ಟ.

"ತಪ್ಪಾಯ್ತು ಸಾಹೇಬ್ರೇ! ತಕ್ಕಡಿ ತಟ್ಟೆ ಕೆಳಗೆ ಬೋಲ್ಟು ಸಿಗಿಸಿದ್ದು ನಿಜ! ಹೊಟ್ಟೆಪಾಡು! ನಿನ್ನೆ ಮಧ್ಯಾಹ್ನನೇ ತೆಗೆದು ಚರಂಡಿಗೆ ಎಸೆದ್ಬಿಟ್ಟೆ!"

ಗದ್ದಲ ಕೇಳಿ ಎಲ್ಲರೂ ನಡುಮನೆಗೆ ಬಂದರು. ಹೆಂಡತಿ ಬಂದಳು, ಟೀಚರಮ್ಮ ಸ್ಟೂಲು ಹೊತ್ತು ಬಂದರು. ರಾಯರೂ ಬಂದರು, ಸೌಟಿನ ಸಮೇತ.

ಸಾಹೇಬರು ಕೋಪಗೊಳ್ಳಲಿಲ್ಲ. ಅವರ ಮುಖ ಬೆಳಗಿತು. "ಏನು? ನಿನ್ನೆ ಬೆಳಿಗ್ಗೆ ಬೋಲ್ಟ್ ಇತ್ತಾ?"

"ಇತ್ತು ಸಾಹೇಬ್ರೇ."

"ಮಧ್ಯಾಹ್ನದ ಮೇಲೆ ಇರಲಿಲ್ಲ?"

"ಇರಲಿಲ್ಲ ಸಾಹೇಬ್ರೇ."

"ಸಿಕ್ತು!" ಸಾಹೇಬರು ಚಿಟಿಕೆ ಹೊಡೆದು ಕುಣಿದರು. "ಸಿಕ್ತು ರೀ ರಹಸ್ಯ! ನಿನ್ನೆಯ ಒಂದು ಕೆಜಿ ಒಂದು ಕೆಜಿಯೇ ಅಲ್ಲ! ನಾವು ಸರಿಯಾದ ತೂಕ ಹಾಕ್ತಿರೋದಕ್ಕೇ ಸಾಸು ಕೆಡ್ತಿದೆ! ಏಯ್, ಹೋಗಯ್ಯಾ, ಆ ಬೋಲ್ಟು ಹುಡುಕಿ ವಾಪಸ್ ಹಾಕು!"

ಹಣ್ಣಿನವ ಎರಡು ಕಿವಿಯನ್ನೂ ಹಿಡಿದುಕೊಂಡ. "ಬೇಡಿ ಸಾಹೇಬ್ರೇ, ಪರೀಕ್ಷೆ ಮಾಡಬೇಡಿ. ನನ್ನ ಮಕ್ಕಳಾಣೆ, ಇನ್ಮೇಲೆ ಮೋಸ ಮಾಡಲ್ಲ!"

"ಮಾಡಯ್ಯಾ ಅಂದ್ರೆ! ನಿನ್ನೆ ಎಷ್ಟು ಮೋಸ ಮಾಡಿದ್ಯೋ ಇವತ್ತೂ ಅಷ್ಟೇ ಮಾಡು!"

"ಸತ್ರೂ ಮಾಡಲ್ಲ!"

"ಮಾಡದಿದ್ರೆ ಕೇಸು ಹಾಕ್ತೀನಿ!"

"ಸಾರ್, ಸರ್ಕಾರದೋರಾಗಿ ನೀವೇ ಹೀಗಂದ್ರೆ!" ಎಂದು ಟೀಚರಮ್ಮ ಸ್ಟೂಲಿನ ಮೇಲೆ ಹತ್ತಿ ನಿಂತರು. ಅವರಿಗೆ ತರಗತಿ ಕೈಮೀರಿದೆ ಎನಿಸಿತ್ತು.

ಹಣ್ಣಿನವ ಅಳುತ್ತಾ ರಾಯರ ಕಡೆ ತಿರುಗಿದ. "ನಮ್ಮ ಸಾಹೇಬ್ರೇ, ನೀವಾದ್ರೂ ಹೇಳಿ! ನಿಮ್ಮ ತೂಕದ ಮೇಲೆ ನಾನು ಎಷ್ಟು ಹಣ್ಣು ಹಾಕಿ ಕೊಟ್ಟಿಲ್ಲ? ನಿನ್ನೆ ಮರಸೇಬು ನಾನು ಹಾಕಿದ್ದು, ಪ್ಲಮ್ಮು ನಾನು ಹಾಕಿದ್ದು, ದ್ರಾಕ್ಷಿ ನಾನು ಹಾಕಿದ್ದು!"

"ನೀವು ಲೆಕ್ಕ ಹಾಕಿ ಬೆರೆಸಿದ್ದು ಅಂದ್ರಲ್ಲ?" ಎಂದರು ಟೀಚರಮ್ಮ, ಸ್ಟೂಲಿನ ಮೇಲಿಂದ.

"ಸಾಹೇಬ್ರಾ? ಇವರಾ?" ಎಂದರು ಸಾಹೇಬರು. "ಇವರು ನನ್ನ ಪೆಟ್ಟಿಗೆ ಹಿಡಿಯೋರು ಕಣಯ್ಯಾ!"

ಹಣ್ಣಿನವನ ಅಳು ಗಕ್ಕನೆ ನಿಂತಿತು. "ಪೆಟ್ಟಿಗೆ ಹಿಡಿಯೋರಾ? ಹಾಗಾದ್ರೆ ಇಷ್ಟು ದಿನ ನಾನು ಕೊಟ್ಟ ಹಣ್ಣು?"

ರಾಯರ ಕೈಯಲ್ಲಿದ್ದ ಸೌಟಿನಿಂದ ಸಾಸು ತೊಟ್ಟು ತೊಟ್ಟಾಗಿ ನೆಲಕ್ಕೆ ಬೀಳುತ್ತಿತ್ತು. ಸಾಹೇಬಿಕೆ ಹೋಯಿತು, ಬಾಣಸಿಗನ ಪಟ್ಟವೂ ಹೋಯಿತು. ಎಲ್ಲರೂ ಒಟ್ಟಿಗೆ ಮಾತನಾಡತೊಡಗಿದರು. ಆ ಗಲಾಟೆಯ ನಡುವೆ ಹೆಂಡತಿ ಒಮ್ಮೆಲೇ ಮೂಗಿಗೆ ಸೆರಗು ಹಿಡಿದಳು.

"ರೀ! ಒಲೆ!"

ಅಡುಗೆಮನೆಯಿಂದ ಕರಿ ಹೊಗೆ ಬಂತು. ರಾಯರು ಓಡಿ ಒಲೆ ಆರಿಸಿದರು. ಐದನೆಯ ಪಾತ್ರೆ, ಕೊನೆಯ ಪಾತ್ರೆ. ಹಿತ್ತಾಳೆಯ ತೂಕದಲ್ಲಿ ತೂಗಿ ಹಾಕಿದ ಪಾತ್ರೆ! ತಳ ಪೂರ್ತಿ ಹತ್ತಿಹೋಗಿತ್ತು. ರಾಯರು ನೆಲದ ಮೇಲೇ ಕುಸಿದು ಕುಳಿತರು. "ಮುಗೀತು. ನಾಳೆ ಆಸ್ಪತ್ರೇನೇ ಗತಿ," ಎಂದರು. ಹೆಂಡತಿ ಬೈಯಲು ಬಾಯಿ ತೆರೆದವಳು ಬೈಯದೆ ಪಕ್ಕದಲ್ಲಿ ಕೂತಳು.

ಆಗ ಒಳಕೋಣೆಯ ಬಾಗಿಲು ಕಿರ್ರೆಂದಿತು.

ಅತ್ತೆ ಬಂದರು! ಹಲ್ಲು ಕಿತ್ತಂದಿನಿಂದ ಹಾಸಿಗೆ ಬಿಟ್ಟು ಏಳದ ಅತ್ತೆ, ಗೋಡೆ ಹಿಡಿದುಕೊಂಡು, ಒಂದು ಕೈಯಲ್ಲಿ ಬಟ್ಟಲು ಹಿಡಿದು, ಮೂಗು ಮುಂದೆ ಮಾಡಿಕೊಂಡು, ಹೊಗೆಯೊಳಗೆ ನಡೆದು ಬಂದರು. ಸಾಹೇಬರು ದಾರಿ ಬಿಟ್ಟರು. ಹಣ್ಣಿನವ ಬುಟ್ಟಿ ಸರಿಸಿದ. ಟೀಚರಮ್ಮ ಸ್ಟೂಲಿನಿಂದ ಇಳಿದು ಸ್ಟೂಲನ್ನೇ ಕೊಟ್ಟರು. ಅತ್ತೆ ಒಲೆಯ ಪಕ್ಕ ಕೂತು, ಸಾಸನ್ನು ಬಟ್ಟಲಿಗೆ ಬಡಿಸಿಕೊಂಡು, ಬಾಯಿಗಿಟ್ಟುಕೊಂಡರು.

"ಹಾಂ! ಈಗ ಬಂತು ನೋಡಿ! ಇದು ಅದು!"

ಹೆಂಡತಿ ಪಾತ್ರೆಯೊಳಗೆ ಬಗ್ಗಿ ನೋಡಿದಳು.

"ಅಮ್ಮಾ, ಇದು ಸೀದು ಹೋಗಿದೆ!" ಎಂದಳು ಮಗಳು.

"ಸೀದಿರೋದಕ್ಕೇ ರುಚಿ ಕಣೇ. ಒಬ್ಬೊಬ್ರೂ ಮೆತ್ತಗಿರೋದು, ಸಪ್ಪಗಿರೋದು, ಹಸುಗೂಸಿಗೆ ಕೊಡೋದು ತಂದು ತಂದು ಬಾಯಿಗೆ ತುರುಕ್ತೀರಿ. ಡಾಕ್ಟ್ರು ನನ್ನ ಹಲ್ಲು ಕಿತ್ತಿದ್ದು. ನಾಲಿಗೆ ಕಿತ್ರಾ?" ಅತ್ತೆ ಪಾತ್ರೆಯ ತಳ ಕೆರೆದು ಇನ್ನೊಂದು ಚಮಚ ಹಾಕಿಕೊಂಡರು. "ನಿನ್ನೆ ಅಳಿಯಂದಿರೊಬ್ರೇ ನನಗೆ ನಾಲಿಗೆ ಇದೆ ಅಂತ ತಿಳ್ಕೊಂಡು ಮಾಡಿದ್ದು."

ರಾಯರು ನಿಧಾನವಾಗಿ ಎದ್ದು ನಿಂತರು. ಅಂಗಿ ಸರಿಮಾಡಿಕೊಂಡರು. "ಅದೇ ಅತ್ತೆ, ನಾನೂ ಅದನ್ನೇ ಹೇಳಬೇಕು ಅಂತಿದ್ದೆ..."

"ರೀ," ಎಂದಳು ಹೆಂಡತಿ. ವಾಷಿಂಗ್ ಮಷೀನಿನ ಹಿಂದಿನ ಪಾತ್ರೆ ಅವಳಿಗೆ ಆ ಬೆಳಿಗ್ಗೆಯೇ ಸಿಕ್ಕಿತ್ತು. ಈಗ ಅದಕ್ಕೆ ಅರ್ಥವೂ ಸಿಕ್ಕಿತು. ರಾಯರು ಬಾಯಿ ಮುಚ್ಚಿಕೊಂಡರು.

ಸಾಹೇಬರು ಮಾತ್ರ ಸೋಲೊಪ್ಪುವ ಜನವಲ್ಲ. ಕೈಗಡಿಯಾರ ಬಿಚ್ಚಿ ಅತ್ತೆಯ ಮುಂದೆ ಬಾಗಿದರು. "ಅಮ್ಮಾ, ಇದಕ್ಕೊಂದು ಖಚಿತವಾದ ಅಳತೆ ಬೇಕು. ಎಷ್ಟು ಹೊತ್ತು ಒಲೆ ಮೇಲಿಟ್ರೆ ಸರಿಯಾಗಿ ಸೀಯತ್ತೆ?"

ಅತ್ತೆ ಚಮಚ ನೆಕ್ಕಿ, ಯೋಚಿಸಿ ಹೇಳಿದರು. "ನನ್ನ ಕಿಟಕಿ ಬಾಲ್ಕನಿ ಕಡೆಗೇ ಇದೆ. ನಿನ್ನೆ ಎಲ್ಲ ಕೇಳಿಸ್ತಿತ್ತು. ಪಾತ್ರೆ ಒಲೆ ಮೇಲಿಟ್ಟು ಅಳಿಯಂದಿರು ಬಾಲ್ಕನೀಲಿ ನಿಂತು ಟೀಚರಮ್ಮನ ಹತ್ರ ಕೊಚ್ಚಿಕೋಬೇಕು. ಹೋಟೆಲಿನೋರಿಗೆ ಬುದ್ಧಿ ಇಲ್ಲ ಅನ್ನೋವರೆಗೂ ಬಂದ್ರೆ, ಆಗ ಹದ."

ಸೋಮವಾರ ಡಾಕ್ಟರು ಬಂದರು, ನಾಡಿ ನೋಡಿದರು, ಆಸ್ಪತ್ರೆಯ ಮಾತನ್ನೇ ಎತ್ತದೆ ಒಂದು ಬಟ್ಟಲು ತಿಂದು ಹೋದರು. ಹಣ್ಣಿನವನ ತಕ್ಕಡಿಗೆ ಸಾಹೇಬರು ಸ್ವತಃ ಮುದ್ರೆ ಒತ್ತಿಕೊಟ್ಟರು. ಅಂದಿನಿಂದ ಅವನು ರಾಯರಿಗೆ ಒಂದು ದ್ರಾಕ್ಷಿಯನ್ನೂ ಹೆಚ್ಚಿಗೆ ಹಾಕಲಿಲ್ಲ. ಅತ್ತೆಯ ವಸಡು ಮಾಯುವವರೆಗೂ ದಿನಾ ಬೆಳಿಗ್ಗೆ ಹೆಂಡತಿ ಪಾತ್ರೆಯನ್ನು ಒಲೆಗೇರಿಸಿ, "ರೀ, ಹೊರಡಿ, ಬಾಲ್ಕನಿಗೆ," ಎನ್ನುತ್ತಿದ್ದಳು.

ಮೊದಲ ದಿನ ರಾಯರು ಹೋಗಿ ನಿಂತರು. ಎದುರಿಗೆ ಟೀಚರಮ್ಮ ಕೈಕಟ್ಟಿ, ಹೇಳಿ ನೋಡೋಣ ಎಂಬಂತೆ ನಿಂತಿದ್ದರು. ಸಾಹೇಬಿಕೆ ಬಗ್ಗೆ ಹೇಳುವ ಹಾಗಿಲ್ಲ, ಸೌಟಿನ ಬಗ್ಗೆ ಹೇಳುವ ಹಾಗಿಲ್ಲ, ಹಣ್ಣು ಬೆರೆಸಿದ ಲೆಕ್ಕಾಚಾರದ ಬಗ್ಗೆಯಂತೂ ಬಾಯಿ ಬಿಡುವ ಹಾಗೇ ಇಲ್ಲ. ಹುಟ್ಟಿದಮೇಲೆ ಮೊಟ್ಟಮೊದಲ ಬಾರಿಗೆ ತಕ್ಕಡಿರಾಯರಿಗೆ ಕೊಚ್ಚಿಕೊಳ್ಳಲು ಏನೂ ಹೊಳೆಯಲಿಲ್ಲ. ಬೆವರಿದರು. ಕೆಮ್ಮಿದರು. ಹವೆಯ ಬಗ್ಗೆ ಎರಡು ಮಾತನಾಡಿ ನಿಲ್ಲಿಸಿದರು.

ಪಕ್ಕದ ಕಿಟಕಿಯಿಂದ ಅತ್ತೆಯ ದನಿ ಕೇಳಿತು: "ಅಳಿಯಂದಿರೇ, ವಾಸನೆ ಇನ್ನೂ ಬಂದಿಲ್ಲ! ದೊಡ್ಡಳಿಯಂದಿರಿಗಿಂತ ನೀವು ಹೇಗೆ ಮೇಲು ಅಂತ ಹೇಳಿ, ನಾನೂ ಹೂಂ ಅಂತೀನಿ!"